ಬಾಗಿಲಿಗೆ ಬೆನ್ನು ಕೊಟ್ಟು

ಹಾಲ್‌ವಿಕ್, ಗಾಟ್‌ಲ್ಯಾಂಡ್ ದ್ವೀಪ
10 ಅಕ್ಟೋಬರ್ 1984

ಅಕ್ಕಾ,

ಓದುವ ಮೊದಲು ಈ ಕಾಗದವನ್ನು ಒಮ್ಮೆ ಮೂಸಿ ನೋಡು. ವಾಸನೆ ಇಲ್ಲ ತಾನೆ? ಕುಡಿಯುವುದನ್ನು ಬಿಟ್ಟು ಇವತ್ತಿಗೆ ನಾಲ್ಕನೆಯ ದಿನ. "ಕುಡಿದು ಫೋನ್ ಮಾಡ್ಬೇಡ, ಹೇಳೋದಿದ್ರೆ ಬರಿ" ಎಂದು ಬೇಸಿಗೆಯಲ್ಲಿ ನೀನು ರೇಗಿದ್ದೆಯಲ್ಲ. ಈಗ ಕುಡಿಯದೆಯೇ ಬರೆಯುತ್ತಿದ್ದೇನೆ.

ಬಿಡಿಸಿದವಳು ನಮ್ಮ ಚರ್ಚಿನ ಬೀಗದ ಕೈ ಇಟ್ಟುಕೊಂಡಿರುವ ವೆಂಡ್ಲಾ. ಸೆಪ್ಟೆಂಬರ್ ಕೊನೆಯಲ್ಲಿ ನಾನು ಆರ್ಗನ್ ಶ್ರುತಿ ಮಾಡಿ ಕೆಳಗಿಳಿದೆ. ಮಾರನೆಯ ಭಾನುವಾರ ಪ್ರಾರ್ಥನೆ ಮುಗಿದ ಮೇಲೆ ಎಲ್ಲರೆದುರು ಅಂದಳು: "ನೋಡೋ ಸಿಕ್ಸ್‌ಟೆನ್, ನಿನ್ ಆರ್ಗನ್ ಕೂಗಿದ್ ಕೂಗಿಗೆ ನನ್ ನಾಯಿ ಬೆಂಚಿನ್ ಕೆಳಗೆ ಸೇರ್ಕೊಂತು. ದೇವ್ರಾದ್ರೆ ಕ್ಷಮಿಸ್ತಾನೆ, ನಾಯಿ ಕ್ಷಮಿಸಲ್ಲ." ಎಲ್ಲರೂ ನಕ್ಕರು, ನಾನೂ ನಕ್ಕೆ. ಮನೆಗೆ ಬಂದು ಕೈ ನೋಡಿಕೊಂಡೆ. ಇಪ್ಪತ್ತು ವರ್ಷ ಈ ದ್ವೀಪದ ಚರ್ಚುಗಳ ಆರ್ಗನ್ ಕೊಳವೆಗಳನ್ನು ಶ್ರುತಿಗೆ ತಂದ ಕೈ. ಇವು ಹೋದರೆ ನನ್ನಲ್ಲಿ ಇನ್ನೇನಿದೆ? ಮುಂದಿನ ವಾರ ಮನೆಯಲ್ಲೇ ತಯಾರಿಸಿಟ್ಟಿದ್ದ ಬಿಯರನ್ನೂ ಅಂಗಡಿಯ ಬಾಟಲಿಗಳನ್ನೂ ಹಿತ್ತಲಿಗೆ ಸುರಿದೆ.

ಸ್ವಲ್ಪ ನಡುಕ, ಸ್ವಲ್ಪ ಬೆವರು, ಅಷ್ಟೆ. ನಿದ್ದೆಗೆ ಕೊರತೆ ಇಲ್ಲ, ಅದಕ್ಕೆ ಬೇರೆ ವ್ಯವಸ್ಥೆ ಇದೆ. ಕ್ರಿಸ್‌ಮಸ್‌ಗೆ ಬರುತ್ತೀಯಾ? ಪ್ರತಿ ವರ್ಷ ಕೇಳುತ್ತೇನೆ. ಈ ವರ್ಷ ಕೇಳುತ್ತಿರುವವನು ಬೇರೆಯವನು ಎಂದುಕೋ. ಕೇಸರಿ ಹಾಕಿದ ಅಕ್ಕಿಯ ಕೇಕು ಮಾಡುತ್ತೇನೆ.

ನಿನ್ನ
ಸಿಕ್ಸ್‌ಟೆನ್


ಲೂಲಿಯೋ
14 ಅಕ್ಟೋಬರ್ 1984

ಪ್ರೀತಿಯ ಸಿಕ್ಸ್‌ಟೆನ್,

ಮೂಸಿದೆ. ತಗಡು ಮತ್ತು ಮೇಣದ ವಾಸನೆ ಬಂತು. ಸಂತೋಷವಾಯಿತು.

ಆದರೆ ಕೆಲವು ಮಾತು ಕೇಳಬೇಕು, ಬೇಸರ ಮಾಡಿಕೊಳ್ಳಬೇಡ. ನಡುಕ ಕಡಿಮೆಯಾಗುತ್ತಿದೆಯೋ ಹೆಚ್ಚುತ್ತಿದೆಯೋ? ಕಣ್ಣಿಗೆ ಏನಾದರೂ ಕಾಣಿಸುತ್ತದೆಯೇ? ನಿದ್ದೆಗೆ "ಬೇರೆ ವ್ಯವಸ್ಥೆ" ಎಂದರೇನು? ಅದು ಮಾತ್ರೆಯಾಗಿದ್ದರೆ ಯಾವುದು, ದಿನಕ್ಕೆ ಎಷ್ಟು, ಎಷ್ಟು ವರ್ಷದಿಂದ ಎಂದು ಬರಿ. ದಯವಿಟ್ಟು ಡಾಕ್ಟರ ಹತ್ತಿರ ಹೋಗು. ಒಬ್ಬನೇ ಬಿಡಲು ಹೋಗಬೇಡ, ಎಲ್ಲವನ್ನೂ ಒಂದೇ ಸಲ ಬಿಡಬೇಡ. ಏಕೆಂದು ಕೇಳಬೇಡ. ನಾನು ಕೆಲಸ ಮಾಡುವ ವೃದ್ಧಾಶ್ರಮದಲ್ಲಿ ಇಂಥವರನ್ನು ನೋಡಿದ್ದೇನೆ.

ಇಲ್ಲಿ ಒಂದು ಸಾಲು ಬರೆದು ಹೊಡೆದುಹಾಕಿದ್ದೇನೆ. ಅದನ್ನು ಗಮನಿಸಬೇಡ.

ಕ್ರಿಸ್‌ಮಸ್‌ಗೆ ಬರಲಾಗುವುದಿಲ್ಲ. ಮಂಡಿ ನೋವು. ಹಡಗಿನ ಮೆಟ್ಟಿಲು ಹತ್ತಲಾರೆ.

ಡಾಗ್ನಿ


ಹಾಲ್‌ವಿಕ್
29 ಅಕ್ಟೋಬರ್ 1984

ಅಕ್ಕಾ,

ನಿನ್ನ ಪತ್ರ ಬಂದು ಹನ್ನೆರಡು ದಿನವಾಯಿತು. ಮೂರು ಸಲ ಓದಿದೆ. ಮೂರು ಸಲವೂ ನನಗೆ ಕೇಳಿಸಿದ್ದು ಒಂದೇ ಮಾತು: ಇವನ ಕೈಯಲ್ಲಿ ಆಗುವುದಿಲ್ಲ. ಹೊಡೆದುಹಾಕಿದ ಸಾಲನ್ನು ದೀಪಕ್ಕೆ ಹಿಡಿದು ನೋಡಿದೆ. "ಅಮ್ಮ" ಎಂಬುದಷ್ಟೇ ಓದಲು ಸಿಕ್ಕಿತು. ನೀನೂ ಅಮ್ಮನ ಹಾಗೇ ಎಂದು ಬರೆಯಲು ಹೊರಟಿದ್ದೆ, ಅಲ್ಲವೇ?

ಹಾಗಾದರೆ ಕೇಳು. ಹತ್ತು ವರ್ಷದಿಂದ ನೀಲಿ ಡಯಜೆಪಾಂ ಮಾತ್ರೆ. ನಿದ್ದೆ ಬರಲೆಂದು ಒಂದರಿಂದ ಶುರುವಾಯಿತು. ಆಮೇಲೆ ದಿನಕ್ಕೆ ಮೂರು. ಕುಡಿತ ಬಿಟ್ಟ ಮೇಲೆ ಐದು, ಕೆಲವು ದಿನ ಆರು. ನಿನ್ನ ಪತ್ರದ ಮೇಲಿನ ಸಿಟ್ಟಿಗೆ ಕಳೆದ ಸೋಮವಾರ ಅವನ್ನೂ ಒಲೆಗೆ ಹಾಕಿದೆ. ಮೊದಲ ಮೂರು ದಿನ ಏನೂ ಆಗಲಿಲ್ಲ. ನೋಡು, ಆಯಿತಲ್ಲ, ಎಂದು ನಿನಗೆ ಬರೆಯಬೇಕೆಂದಿದ್ದೆ.

ಈಗ ಬಸಿಯ ಮೇಲೆ ಚಮಚ ಇಟ್ಟರೆ ತಲೆಬುರುಡೆಯೊಳಗೆ ಗಂಟೆ ಬಡಿಯುತ್ತದೆ. ಫೋನಿನ ತಂತಿ ಕಿತ್ತುಹಾಕಿದ್ದೇನೆ. ಗಡಿಯಾರವನ್ನು ಕಂಬಳಿಯಲ್ಲಿ ಸುತ್ತಿ ಹೊರಗಿನ ಕೊಟ್ಟಿಗೆಯಲ್ಲಿಟ್ಟೆ, ಅಲ್ಲಿಂದಲೂ ಕೇಳಿಸುತ್ತದೆ. ಚರ್ಮದ ಕೆಳಗೆ ಇರುವೆ ಹರಿದ ಹಾಗೆ. ನಾಲ್ಕು ದಿನದಿಂದ ಕಣ್ಣು ಮುಚ್ಚಿಲ್ಲ. ಊರಿನಲ್ಲಿ ಸದ್ದಿಲ್ಲದ ಜಾಗವೆಂದರೆ ಚರ್ಚು ಒಂದೇ, ಅದರ ಗೋಡೆ ಒಂದಾಳುದ್ದ ದಪ್ಪ. ಹಗಲೆಲ್ಲ ಮೇಲಿನ ಅಟ್ಟದಲ್ಲಿ ಆರ್ಗನ್ ಮುಂದೆ ಕೂರುತ್ತೇನೆ.

ನಿನ್ನೆಯಿಂದ ಬೆಂಚಿನ ಆ ತುದಿಯಲ್ಲಿ ಅಮ್ಮ ಕೂತಿದ್ದಾಳೆ. ಹಸಿರು ಕೋಟು ಹಾಕಿಕೊಂಡಿದ್ದಾಳೆ. ಅವಳಿಲ್ಲವೆಂದು ನನಗೆ ಗೊತ್ತು, ಅವಳಿಗೂ ಗೊತ್ತಿರುವಂತೆ ಕಾಣುತ್ತದೆ. ಅವಳು ಕೇಳುವುದು ಒಂದೇ ಮಾತು.

"ಸಿಕ್ಸ್‌ಟೆನ್, ಬಸ್ ಬಂತಾ?"

ನಾನು ಉತ್ತರ ಕೊಟ್ಟಿಲ್ಲ. ಕೊಟ್ಟರೆ ಅವಳು ಹತ್ತಿರ ಸರಿಯುತ್ತಾಳೆ ಎನಿಸುತ್ತದೆ. ಅಕ್ಷರ ಓಡಾಡುತ್ತಿದೆ, ನಿಲ್ಲಿಸುತ್ತೇನೆ.

ಸಿ.


ಲೂಲಿಯೋ
4 ನವೆಂಬರ್ 1984
(ಆಸ್ಪತ್ರೆಯ ವಿಳಾಸಕ್ಕೆ)

ನನ್ನ ಸಿಕ್ಸ್‌ಟೆನ್,

ನಿನಗೆ ನೆನಪಿರಲಾರದು, ಆದ್ದರಿಂದ ನಡೆದದ್ದನ್ನು ಬರೆಯುತ್ತೇನೆ.

ನಿನ್ನ ಪತ್ರ ಬುಧವಾರ ಮಧ್ಯಾಹ್ನ ಬಂತು. ಕೋಟು ಕೂಡ ಬಿಚ್ಚದೆ ನಿಂತಲ್ಲೇ ಓದಿ ನಿನಗೆ ಫೋನ್ ಮಾಡಿದೆ. ತಂತಿ ಕಿತ್ತಿದ್ದೇನೆಂದು ಬರೆದಿದ್ದನ್ನು ಓದಿಯೂ ಏಳು ಸಲ ಮಾಡಿದೆ. ಆಮೇಲೆ ಚರ್ಚಿನ ಪಕ್ಕದಲ್ಲೇ ಮನೆಯಿರುವ ವೆಂಡ್ಲಾ ನೆನಪಾದಳು, ಅವಳಿಗೆ ಮಾಡಿದೆ.

"ಓ, ಅವ್ನಾ?" ಎಂದಳು. "ಬೆಳಗ್ಗೆಯಿಂದ ಅಟ್ಟದ್ ಮೇಲೆ ಕೂತು ಒಂದೇ ಸ್ವರ ಒತ್ತುತಾ ಇದ್ದ ಕಣಮ್ಮಾ, ತಲೆ ಚಿಟ್ ಹಿಡಿದೋಯ್ತು. ಈಗ ನಿಂತಿದೆ, ಪುಣ್ಯ."

"ಯಾವಾಗ ನಿಂತಿತು?"

"ಈಗ್ಲೇ, ಹತ್ತು ನಿಮಿಷ ಆಯ್ತೇನೋ."

"ಓಡು ವೆಂಡ್ಲಾ! ಫೋನ್ ಇಡಬೇಡ, ಹಾಗೇ ಬಿಟ್ಟು ಓಡು!"

ಅವಳ ಮನೆಯ ರೇಡಿಯೋದಲ್ಲಿ ಹವಾಮಾನ ವರದಿ ಬರುತ್ತಿತ್ತು. ಸಮುದ್ರದ ಒಂದೊಂದೇ ಭಾಗದ ಹೆಸರು, ಗಾಳಿಯ ವೇಗ. ಅದನ್ನು ಕೇಳುತ್ತಾ ನಿಂತೆ. ಅವಳು ವಾಪಸ್ಸು ಬಂದು ಏದುಸಿರು ಬಿಡುತ್ತಾ ಅಂದಳು: "ಬೆಂಚಿಗೂ ಪೆಡಲಿಗೂ ಮಧ್ಯೆ ಬಿದ್ದಿದ್ದ. ಮೈಯೆಲ್ಲಾ ಎಳೀತಿತ್ತು, ಬಾಯಲ್ಲಿ ರಕ್ತ. ಒಂದ್ ಮಗ್ಗುಲಿಗೆ ಹೊರಳಿಸಿ ತಲೆ ಕೆಳಗೆ ಕೋಟಿಟ್ಟೆ. ಪಾದ್ರಿ ಮನೆಯವ್ರು ಆಂಬುಲೆನ್ಸಿಗೆ ಹೇಳಿದಾರೆ. ಉಸಿರಿದೆ ಕಣೇ. ಇದೆ."

ಈಗ ನಾನು ಹೊಡೆದುಹಾಕಿದ ಸಾಲು. "ಅಮ್ಮ ಸತ್ತದ್ದು ಹೀಗೆಯೇ" ಎಂದು ಬರೆದಿದ್ದೆ. ಆ ಸಾಲನ್ನು ಉಳಿಸಿದ್ದರೆ ನೀನು ಮಾತ್ರೆಗಳನ್ನು ಒಲೆಗೆ ಹಾಕುತ್ತಿರಲಿಲ್ಲ.

ಅಮ್ಮನಿಗೆ ಹೃದಯಾಘಾತವಾಗಿರಲಿಲ್ಲ. 1958ರ ಫೆಬ್ರವರಿ, ಚಳಿಗಾಲದ ರಜೆಗೆ ನೀನು ಸ್ಲೀಟೆಯ ಚಿಕ್ಕಮ್ಮನ ಮನೆಗೆ ಹೋಗಿದ್ದೆ. ನಾನು ಆಸ್ಪತ್ರೆಯಲ್ಲಿ ಕೆಲಸಕ್ಕೆ ಸೇರಿ ಆರು ತಿಂಗಳು, ಎಲ್ಲ ಗೊತ್ತಿದೆ ಎಂಬ ಸೊಕ್ಕು. ಅಮ್ಮನ ಬಾಟಲಿಗಳನ್ನು ಬಚ್ಚಲಿಗೆ ಸುರಿದೆ, ನಿದ್ದೆಯ ಗುಳಿಗೆಗಳನ್ನು ಕಕ್ಕಸಿಗೆ ಹಾಕಿದೆ. ಅವಳನ್ನು ಮಲಗುವ ಕೋಣೆಯಲ್ಲಿರಿಸಿ ಹೊರಗಿನಿಂದ ಬಾಗಿಲು ಹಾಕಿ ಅದಕ್ಕೆ ಬೆನ್ನು ಕೊಟ್ಟು ಕೂತೆ. ಎಲ್ಲವೂ ನನ್ನದೇ ಯೋಚನೆ, ಅವಳನ್ನು ಕೇಳಲಿಲ್ಲ.

ಮೊದಲ ದಿನ ಒಳಗಿನಿಂದ ತಮಾಷೆ ಮಾಡಿದಳು, "ಜೈಲರಮ್ಮ, ಕಾಫಿ ಆದ್ರೂ ಕೊಡ್ತೀಯಾ?" ಎಂದು. ಎರಡನೆಯ ದಿನ ಬಟ್ಟೆ ಹಿಂಡಿದರೆ ನೀರಿಳಿಯುವಷ್ಟು ಬೆವರು. ಮೂರನೆಯ ದಿನ ಕಂಬಳಿಯ ಮೇಲೆ ಇಲ್ಲದ ದಾರಗಳನ್ನು ಆರಿಸುತ್ತಿದ್ದಳು. "ಡಾಗ್ನಿ, ಕುದುರೆ ಒಳಗೆ ಬಂದ್ಬಿಟ್ಟಿವೆ. ಹೊರಗೆ ಕಟ್ಟೇ" ಎಂದಳು. ಡಾಕ್ಟರನ್ನು ಕರೆಯಬಹುದಿತ್ತು. ಕರೆದರೆ ಊರಿಗೆಲ್ಲ ಗೊತ್ತಾಗುತ್ತದೆ ಎಂದುಕೊಂಡೆ. ಇನ್ನೊಂದು ದಿನ ತಡೆದರೆ ಹೋಗುತ್ತದೆ ಎಂದುಕೊಂಡೆ.

ನಾಲ್ಕನೆಯ ದಿನ ಬೆಳಗ್ಗೆ ಹತ್ತರ ಹೊತ್ತಿಗೆ ಬಾಗಿಲು ಬಡಿಯುತ್ತಿದ್ದ ಸದ್ದು ನಿಂತಿತು. ಅಬ್ಬಾ, ಮಲಗಿದಳು ಎಂದುಕೊಂಡೆ. ನಾನೂ ಬಾಗಿಲಿಗೆ ಒರಗಿದಲ್ಲೇ ನಿದ್ದೆ ಹೋದೆ. ಎಚ್ಚರವಾಗಿ ಬಾಗಿಲು ತಳ್ಳಿದರೆ ತೆರೆಯಲಿಲ್ಲ. ಅವಳು ಅದಕ್ಕೆ ಅಡ್ಡ ಬಿದ್ದಿದ್ದಳು.

ಡಾಕ್ಟರು ಹೃದಯ ಎಂದು ಬರೆದರು. ನಾನು ತಿದ್ದಲಿಲ್ಲ. ವೆಂಡ್ಲಾ "ಈಗ ನಿಂತಿದೆ, ಪುಣ್ಯ" ಎಂದಾಗ ನಾನು ಏಕೆ ಕಿರುಚಿದೆ ಎಂಬುದು ಈಗ ನಿನಗೆ ತಿಳಿಯಿತು.

ಡಾಕ್ಟರು ಹೇಳಿದಂತೆ ಕೇಳು. ಅವರು ಮತ್ತೆ ಮಾತ್ರೆ ಕೊಟ್ಟರೆ ಸೋಲೆಂದು ತಿಳಿಯಬೇಡ, ತೆಗೆದುಕೋ.

ಡಾಗ್ನಿ


ಆಸ್ಪತ್ರೆ
25 ನವೆಂಬರ್ 1984

ಡಾಗ್ನಿ,

ನಿನ್ನ ಪತ್ರ ಎರಡು ವಾರ ದಿಂಬಿನ ಕೆಳಗಿತ್ತು. ದಾದಿ ಹಾಸಿಗೆ ಬದಲಿಸುವಾಗಲೆಲ್ಲ ಅದನ್ನು ಎತ್ತಿ ಮತ್ತೆ ಅಲ್ಲೇ ಇಡುತ್ತಾಳೆ. ಒಳ್ಳೆಯ ಹುಡುಗಿ, ಏನೆಂದು ಕೇಳುವುದಿಲ್ಲ.

ಮೊದಲು ದೇಹದ ಸಮಾಚಾರ. ಇಲ್ಲಿನ ಡಾಕ್ಟರ್ ಹೆಡ್ಮಾನ್ ನಿನ್ನ ವಯಸ್ಸಿನ ಹೆಂಗಸು, ಎದುರಿಗೆ ಕೂತು ಸೇಬು ತಿನ್ನುತ್ತಾ ಮಾತಾಡುತ್ತಾಳೆ. "ಕುಡಿತವೂ ಮಾತ್ರೆಯೂ ಮಿದುಳಿನ ಒಂದೇ ಬ್ರೇಕನ್ನ ಒತ್ತುತ್ತವೆ, ಸಿಕ್ಸ್‌ಟೆನ್. ಹತ್ತು ವರ್ಷ ಅವೇ ಒತ್ತಿದ್ವು, ಮಿದುಳು ತಾನೇ ಒತ್ತೋದನ್ನ ಮರೀತು. ನೀವು ಎರಡನ್ನೂ ಕಿತ್ತು ಬಿಸಾಕಿದ್ರಿ, ಇಳಿಜಾರಲ್ಲಿ. ಇನ್ನೇನಾಗ್ಬೇಕಿತ್ತು?" ಎಂದಳು. ಕುಡಿತ ಬಿಟ್ಟಾಗ ನನ್ನನ್ನು ಉಳಿಸಿದ್ದು ಮಾತ್ರೆಗಳೇ ಅಂತೆ. ಮನಸ್ಸು ಗಟ್ಟಿಯಾಗಿದೆ ಎಂದುಕೊಂಡಿದ್ದು ಬರೀ ಮಾತ್ರೆ.

ಈಗ ದಿನಕ್ಕೆ ಮೂವತ್ತು ಮಿಲಿಗ್ರಾಂ, ಮೂರು ಹೊತ್ತಿಗೆ ಹಂಚಿ. ಎರಡು ವಾರಕ್ಕೊಮ್ಮೆ ಚೂರು ಕಡಿಮೆ. ಮೈ ತಡೆಯದಿದ್ದರೆ ಅದೇ ಅಳತೆಯಲ್ಲಿ ಇನ್ನೆರಡು ವಾರ ನಿಲ್ಲಬೇಕು, ನನ್ನಷ್ಟಕ್ಕೆ ಹೆಚ್ಚಿಸುವಂತಿಲ್ಲ, ಬೇಗ ಮುಗಿಸುತ್ತೇನೆಂದು ಇಳಿಸುವಂತೆಯೂ ಇಲ್ಲ. ಒಂದು ತೊಟ್ಟೂ ಕುಡಿಯುವಂತಿಲ್ಲ. ಒಂದು ವರ್ಷ ಹಿಡಿಯಬಹುದು. "ಒಂದು ವರ್ಷಾನಾ!" ಎಂದೆ. "ಹತ್ತು ವರ್ಷ ಹತ್ತಿದೀರಲ್ಲ" ಎಂದು ಸೇಬು ಕಚ್ಚಿದಳು.

ಈಗ ಇನ್ನೊಂದು ವಿಷಯ. ಯಾರಿಗೂ ಹೇಳಿಲ್ಲ.

ಆ ರಜೆಗೆ ಹೊರಟ ದಿನ ಅಮ್ಮ ಬಸ್ಸಿನವರೆಗೆ ಬಂದಿದ್ದಳು. ಬೆಳಗ್ಗೆಯೇ ಕುಡಿದಿದ್ದಳು. ಹಸಿರು ಕೋಟಿನ ಗುಂಡಿ ತಪ್ಪಾಗಿ ಹಾಕಿಕೊಂಡಿದ್ದಳು. ಬಸ್ಸಿನಲ್ಲಿ ನನ್ನ ಶಾಲೆಯ ಹುಡುಗರಿದ್ದರು. ಮೆಟ್ಟಿಲ ಮೇಲೆ ನಿಂತು ಅಂದೆ: "ನೀನು ಕುಡಿಯೋದು ಬಿಡೋವರೆಗೆ ನಾನು ಮನೆಗೆ ಬರಲ್ಲ. ಬಿಡದಿದ್ರೆ ಸಾಯಿ." ಬಾಗಿಲು ಮುಚ್ಚಿಕೊಂಡಿತು. ಅವಳು ಕೈ ಬೀಸುತ್ತಿದ್ದಳು. ನಾನಂದದ್ದು ಕೇಳಿಸಿತೋ ಇಲ್ಲವೋ ಇಪ್ಪತ್ತಾರು ವರ್ಷದಿಂದ ನನಗೆ ಗೊತ್ತಿಲ್ಲ. ನಾನು ಕುಡಿದದ್ದು ಬಹಳ ಮಟ್ಟಿಗೆ ಇದನ್ನು ಯೋಚಿಸದಿರಲು.

ಎಲ್ಲವೂ ನನ್ನದೇ ಯೋಚನೆ ಎಂದು ಬರೆದಿದ್ದೀಯ. ನಾನು ಕೊಳವೆಗೆ ಕಿವಿ ಕೊಟ್ಟು ಬದುಕಿದವನು ಡಾಗ್ನಿ. ಆ ಸಾಲು ಮಾತ್ರ ಶ್ರುತಿಯಲ್ಲಿಲ್ಲ. ಅದು ನಿಜವೇ? ನಾನು ಬಸ್ಸಿನಲ್ಲಿ ಅಂದದ್ದನ್ನು ಅವಳು ನಿನಗೆ ಹೇಳಿದ್ದಳೇ?

ಸಿಕ್ಸ್‌ಟೆನ್


ಲೂಲಿಯೋ
3 ಡಿಸೆಂಬರ್ 1984

ಸಿಕ್ಸ್‌ಟೆನ್,

ಡಾಕ್ಟರ್ ಹೆಡ್ಮಾನ್‌ಗೆ ಫೋನ್ ಮಾಡಿದೆ. ನಿನ್ನ ಗುಟ್ಟೇನೂ ಹೇಳಲಿಲ್ಲ. ಈ ಸ್ಥಿತಿಯಲ್ಲಿ ಕೆಟ್ಟ ಸುದ್ದಿ ತಡೆಯುತ್ತಾನಾ ಎಂದಷ್ಟೇ ಕೇಳಿದೆ. "ಸುಳ್ಳನ್ನ ತಡೀತಾ ಇದ್ದಾರಲ್ಲ, ಅದಕ್ಕಿಂತ ಕಷ್ಟ ಏನಿದೆ?" ಎಂದಳು. ನಮ್ಮ ಪತ್ರಗಳ ವಿಷಯ ನೀನೇ ಅವಳಿಗೆ ಹೇಳಿರಬೇಕು.

ಅಮ್ಮನಿಗೆ ಕೇಳಿಸಿತ್ತು. ಬಸ್ಸಿನಿಂದ ನೆಟ್ಟಗೆ ಮನೆಗೆ ಬಂದಳು. ಕೋಟು ಬಿಚ್ಚಲಿಲ್ಲ. ಬೀರುವಿನಲ್ಲಿ, ಹಾಸಿಗೆಯ ಕೆಳಗೆ, ಹಿಟ್ಟಿನ ಡಬ್ಬದಲ್ಲಿ ಬಚ್ಚಿಟ್ಟಿದ್ದ ಎಲ್ಲವನ್ನೂ ತಂದು ಮೇಜಿನ ಮೇಲೆ ಸಾಲಾಗಿ ನಿಲ್ಲಿಸಿದಳು. ಆ ಡಬ್ಬದ ವಿಷಯ ನನಗೂ ಗೊತ್ತಿರಲಿಲ್ಲ. ನೀನಂದದ್ದನ್ನು ಮಾತಿಗೆ ಮಾತು ಹೇಳಿದಳು, ನಗುತ್ತಾ ಹೇಳಿದಳು. "ಹುಡುಗ ಸರಿಯಾಗೇ ಹೇಳ್ದ ಕಣೇ. ಅವನು ಬರೋ ಹೊತ್ತಿಗೆ ನಾನು ಮೇಜಿನ್ ಮುಂದೆ ನೆಟ್ಟಗೆ ಕೂತಿರ್ಬೇಕು. ಎಲ್ಲಾ ಚೆಲ್ಲು. ಬಾಗಿಲು ಹಾಕು. ನಾನು ಕಾಲಿಗೆ ಬಿದ್ದು ಬೇಡ್ಕೊಂಡ್ರೂ ತೆಗೀಬೇಡ. ಮಾತು ಕೊಡು." ಕೊಟ್ಟೆ. ಅವಳು ಬೇಡಿಕೊಂಡಳು. ನಾನು ತೆಗೆಯಲಿಲ್ಲ.

ಇದನ್ನು ಮುಚ್ಚಿಟ್ಟದ್ದು ನಿನಗಾಗಿ ಎಂದು ಇಷ್ಟು ವರ್ಷ ನನಗೆ ನಾನೇ ಹೇಳಿಕೊಂಡೆ. ಈಗ ಬರೆಯುವಾಗ ತಿಳಿಯುತ್ತಿದೆ, ಅರ್ಧ ನನಗಾಗಿ. ಅವಳೇ ಬಿಡಲು ಹೊರಟಿದ್ದಳು ಎಂದು ಅಂದೇ ಹೇಳಿದ್ದರೆ, ಡಾಕ್ಟರನ್ನು ಏಕೆ ಕರೆಯಲಿಲ್ಲ ಎಂದು ನೀನು ಕೇಳುತ್ತಿದ್ದೆ.

ನನ್ನ ಮಂಡಿಗೆ ಏನೂ ಆಗಿಲ್ಲ. ಆ ಮನೆ ಇರುವ ದ್ವೀಪಕ್ಕೆ ಕಾಲಿಡಲು ನನ್ನಿಂದಾಗುವುದಿಲ್ಲ.

ಡಾಗ್ನಿ


ಲೂಲಿಯೋ
6 ಜನವರಿ 1985

ಸಿಕ್ಸ್‌ಟೆನ್,

ಉತ್ತರ ಬಂದಿಲ್ಲ. ಒತ್ತಾಯ ಮಾಡುವುದಿಲ್ಲ. ವೆಂಡ್ಲಾಗೆ ಫೋನ್ ಮಾಡಿದ್ದೆ. ನೀನು ಮನೆಗೆ ಬಂದಿದ್ದೀಯ, ಕಿವಿಗೆ ಹತ್ತಿ ಇಟ್ಟುಕೊಂಡು ಹಿಮ ಗೋರುತ್ತಿದ್ದೀಯ ಎಂದಳು. "ಮಾತಾಡಿಸಿದ್ರೆ ಹೂಂ ಅಂತಾನೆ, ಅದ್ರಿಂದ ಮೇಲಕ್ಕೇಳಲ್ಲ. ಆದ್ರೆ ಮಾತ್ರೆ ಡಬ್ಬಿ ಕಿಟಕೀಲಿ ಇಟ್ಟಿದಾನೆ, ದಿನಾ ಹಾದುಹೋಗ್ತಾ ಎಣಿಸ್ತೀನಿ. ಸರಿಯಾಗಿದೆ" ಎಂದಳು. ಇಲ್ಲಿ ಹನ್ನೊಂದರ ಹೊತ್ತಿಗೆ ಸೂರ್ಯ ಕಾಡಿನ ಮೇಲೆ ಒಂದು ಗೇಣು ಏಳುತ್ತಾನೆ, ಮತ್ತೆ ಇಳಿದುಬಿಡುತ್ತಾನೆ.

ಡಾಗ್ನಿ


ಲೂಲಿಯೋ
26 ಫೆಬ್ರವರಿ 1985

ಸಿಕ್ಸ್‌ಟೆನ್,

ಇವತ್ತು ಅಮ್ಮ ಹೋದ ದಿನ. ಪ್ರತಿ ವರ್ಷ ಈ ಬೆಳಗ್ಗೆ ರಜೆ ಹಾಕುತ್ತಿದ್ದೆ. ಇವತ್ತು ಕೆಲಸಕ್ಕೆ ಹೋದೆ. ಹೊಸದಾಗಿ ಸೇರಿದ ಒಬ್ಬ ಮುದುಕ ಗೋಡೆಯ ಮೇಲೆ ಇಲಿ ಕಾಣುತ್ತಿವೆ ಎನ್ನುತ್ತಿದ್ದ. ಜೊತೆಯ ಹುಡುಗಿ "ವಯಸ್ಸಾಯ್ತಲ್ಲ, ಬಿಡಿ" ಎಂದಳು. ನಾನು ಬಿಡಲಿಲ್ಲ. ಅವನ ಮಗಳಿಗೆ ಫೋನ್ ಮಾಡಿಸಿ ಕೇಳಿದೆ: ಮನೆಯಲ್ಲಿ ದಿನವೂ ಏನು ಕುಡಿಯುತ್ತಿದ್ದರು, ಯಾವ ನಿದ್ದೆ ಮಾತ್ರೆ, ಯಾವತ್ತಿನಿಂದ ನಿಂತಿದೆ ಎಂದು. ಅರ್ಧ ಗಂಟೆಯಲ್ಲಿ ಡಾಕ್ಟರು ಬಂದರು. ಅವನು ಸಂಜೆ ಸೂಪು ಕುಡಿದ.

ಇಷ್ಟೇ ಸಮಾಚಾರ.

ಡಾಗ್ನಿ


ಹಾಲ್‌ವಿಕ್
5 ಮೇ 1985

ಅಕ್ಕಾ,

ನಿನ್ನ ಕೊನೆಯ ಎರಡು ಪತ್ರಗಳನ್ನು ಇವತ್ತು ಒಡೆದು ಓದಿದೆ. ಒಡೆಯಲು ಧೈರ್ಯ ಇರಲಿಲ್ಲ. ಡಿಸೆಂಬರ್‌ನದೇ ಸಾಕಾಗಿತ್ತು.

ಈಗ ಹದಿನಾಲ್ಕು ಮಿಲಿಗ್ರಾಂನಲ್ಲಿದ್ದೇನೆ. ಮಾರ್ಚಿನಿಂದ ಆರು ವಾರ ಒಂದೇ ಕಡೆ ಸಿಕ್ಕಿಕೊಂಡಿದ್ದೆ. ಮೈಯೆಲ್ಲ ಉರಿ, ಅಂಗಡಿಯಲ್ಲಿ ಯಾರಾದರೂ ಬಾಗಿಲು ಹಾಕಿದರೆ ಅಳು ಬರುತ್ತಿತ್ತು. ಹೆಡ್ಮಾನ್ ಇಳಿಸಲಿಲ್ಲ, ಬಯ್ಯಲೂ ಇಲ್ಲ. "ನಿಂತ್ಕೊಳ್ಳಿ, ಸಾಕು" ಎಂದಳು. ನಿಂತೆ. ಕುಡಿದಿಲ್ಲ. ಆರ್ಗನ್ ಮುಟ್ಟಿಲ್ಲ, ಕಿವಿ ಇನ್ನೂ ತಡೆಯುವುದಿಲ್ಲ. ಚರ್ಚಿನವರು ಬೇರೆ ಊರಿನಿಂದ ಒಬ್ಬನನ್ನು ಕರೆಸಿದರು. ಅವನು ಕೆಲಸ ಮಾಡುತ್ತಿದ್ದಷ್ಟು ಹೊತ್ತು ನಾನು ಸಮುದ್ರದ ದಂಡೆಯಲ್ಲಿದ್ದೆ.

ನಿನಗೆ ಬರೆಯದಿದ್ದ ತಿಂಗಳುಗಳಲ್ಲಿ ಮೊದಲು ನನ್ನ ಮಾತು ಅವಳನ್ನು ಕೊಂದಿತು ಎಂದುಕೊಂಡೆ. ಆಮೇಲೆ ನಿನ್ನ ಬಾಗಿಲು ಕೊಂದಿತು ಎಂದುಕೊಂಡೆ. ಹೆಡ್ಮಾನ್‌ಗೆ ಎಲ್ಲ ಹೇಳಿದೆ. "ನಿಮ್ಮಕ್ಕ ಕಷ್ಟಪಟ್ಟು ಕಾವಲು ಕೂತಿದ್ರು, ನಿಮ್ಮಮ್ಮ ಕಷ್ಟಪಟ್ಟು ಒಳಗೆ ಕೂತಿದ್ರು. ಒಂದೇ ಸಲ ಬಿಟ್ರೆ ಜೀವ ಹೋಗುತ್ತೆ ಅಂತ ಇಬ್ರಿಗೂ ಯಾರೂ ಹೇಳಿರ್ಲಿಲ್ಲ" ಎಂದಳು. ಈ ಸಲ ಕೈಯಲ್ಲಿ ಸೇಬು ಇರಲಿಲ್ಲ.

ಆ ಬಾಗಿಲಿಗಾಗಿ ನಿನ್ನ ಮೇಲೆ ಸಿಟ್ಟಿಲ್ಲ. ಇನ್ನೊಂದಕ್ಕಿದೆ. ನನ್ನ ತಾಯಿ ಕುಡಿದು ಕುಡಿದು ಸತ್ತಳು, ನಮಗಾಗಿ ಒಂದು ದಿನವೂ ಬಿಡಲು ನೋಡಲಿಲ್ಲ ಎಂದು ನಾನು ನಲವತ್ತೊಂದು ವರ್ಷದವನಾಗುವವರೆಗೆ ನಂಬಿದ್ದೆ. ಬಿಟ್ಟಿದ್ದಳು. ಮೂರೂವರೆ ದಿನ, ಮಾತ್ರೆಯಿಲ್ಲದೆ, ಡಾಕ್ಟರಿಲ್ಲದೆ, ಕುದುರೆಗಳ ನಡುವೆ. ಅದು ಎಂಥದ್ದೆಂದು ಈಗ ನನ್ನ ಮೈಗೆ ಗೊತ್ತು. ಅಂಥವಳ ಮಗ ನಾನು ಎಂಬುದನ್ನು ನೀನು ನನ್ನಿಂದ ಮುಚ್ಚಿಟ್ಟೆ. ಅದನ್ನು ಕ್ಷಮಿಸಲು ನನ್ನಿಂದ ಇನ್ನೂ ಆಗಿಲ್ಲ.

ಈ ತಿಂಗಳು ಹದಿನೆಂಟು, ಶನಿವಾರದ ಹಡಗಿಗೆ ಬಾ. ದಡದಲ್ಲಿ ನಿಂತಿರುತ್ತೇನೆ. ಜೋರಾಗಿ ಮಾತಾಡಬೇಡ.

ಅಮ್ಮನ ಸಮಾಧಿಯ ಕಲ್ಲಿನ ಮೇಲೆ ನೀನು ಕೆತ್ತಿಸಿದ ಮಾತು ಇದೆಯಲ್ಲ, "ನೆಮ್ಮದಿಯಾಗಿ ನಿದ್ದೆಹೋದಳು" ಎಂದು. ಅದನ್ನು ಉಜ್ಜಿ ತೆಗೆಯಲು ಕಲ್ಲುಕುಟಿಗನಿಗೆ ಹೇಳಿದ್ದೇನೆ. ನೀನು ಬಂದ ಮೇಲಿನ ಸೋಮವಾರ ಬರುತ್ತಾನೆ. ಅವನು ಉಜ್ಜುವಾಗ ನಾನು ಹತ್ತಿರ ಇರಲಾರೆ, ಆ ಸದ್ದು ತಡೆಯಲಾರೆ.

ನೀನು ನಿಂತಿರು.

ಸಿಕ್ಸ್‌ಟೆನ್